ವಿದೇಶಾಂಗ ನೀತಿಯಲ್ಲಿ ವಲಸಿಗರ ಪಾತ್ರ: ಯಾವ ಕಲಂ, ಎಷ್ಟು ಕಾಲಕ್ಕೆ?

ಮಾನ್ಯ ಸಂಪಾದಕರೇ,

ಅಮೆರಿಕ ಇಸ್ರೇಲಿಗೆ ಶಸ್ತ್ರ ಕೊಟ್ಟರೆ ಅದು ಯಹೂದಿ ಲಾಬಿಯ ಕೆಲಸ. ಕ್ಯೂಬಾದ ಮೇಲಿನ ನಿರ್ಬಂಧ ಸಡಿಲವಾಗದಿದ್ದರೆ ಅದು ಮಯಾಮಿಯ ಕ್ಯೂಬನ್ನರ ಹಟ. ಕೆನಡಾ ಭಾರತದ ಜೊತೆ ಜಗಳಕ್ಕೆ ನಿಂತರೆ ಅದು ಅಲ್ಲಿನ ಸಿಖ್ಖರ ಮತಬ್ಯಾಂಕ್. ನಮ್ಮ ಪತ್ರಿಕೆಗಳ ವಿದೇಶ ಪುಟಗಳಲ್ಲಿ ಈ ಬಗೆಯ ವಿವರಣೆ ಎಷ್ಟು ಬಳಕೆಯಾಗಿದೆಯೆಂದರೆ, ಅದರಾಚೆಗೆ ಕೇಳಬೇಕಾದ ಪ್ರಶ್ನೆಗಳೇ ಮರೆತುಹೋಗಿವೆ. ಒಂದು ದೇಶದಲ್ಲಿ ನೆಲೆಸಿದ ಸಮುದಾಯವೊಂದು ತನ್ನ ಮೂಲನಾಡಿಗಾಗಿ ಆ ದೇಶದ ವಿದೇಶಾಂಗ ನೀತಿಯನ್ನು ಬಗ್ಗಿಸಬಲ್ಲದೇ? ಬಗ್ಗಿಸಬಲ್ಲದು. ಆದರೆ ಎಲ್ಲ ಕಡೆ ಅಲ್ಲ, ಯಾವಾಗಲೂ ಅಲ್ಲ. ಎಲ್ಲಿ ಗೆಲ್ಲುತ್ತದೆ, ಎಲ್ಲಿ ಸೋಲುತ್ತದೆ ಎಂಬುದಕ್ಕೆ ಸಾಕಷ್ಟು ದಾಖಲೆಯಿದೆ.

ಪ್ರಭಾವವನ್ನು ಅಳೆಯುವಾಗ ಆಗುವ ಮೊದಲ ತಪ್ಪು, ಸಂಘಟನೆ ಕೇಳಿದ್ದನ್ನು ಸರ್ಕಾರ ಕೊಟ್ಟಿತು ಎಂದ ಕೂಡಲೇ ಅದನ್ನು ಸಂಘಟನೆಯ ಗೆಲುವೆಂದು ಬರೆದುಕೊಳ್ಳುವುದು. ಸರ್ಕಾರಕ್ಕೂ ಅದೇ ಬೇಕಾಗಿದ್ದರೆ? ಭಾರತ–ಅಮೆರಿಕ ಅಣು ಒಪ್ಪಂದವನ್ನೇ ನೋಡಿ. ಅದಕ್ಕೆ ದಾರಿ ಮಾಡಿಕೊಟ್ಟ 2006ರ ಹೈಡ್ ಕಾಯ್ದೆ ಪ್ರತಿನಿಧಿ ಸಭೆಯಲ್ಲಿ 359–68, ಸೆನೆಟ್‌ನಲ್ಲಿ 85–12 ಮತಗಳಿಂದ ಪಾಸಾಯಿತು. ಅನಿವಾಸಿ ಭಾರತೀಯರ ಸಂಘಟನೆಗಳು ಇದನ್ನು ತಮ್ಮ ಯಶಸ್ಸು ಎಂದುಕೊಂಡವು. ಅವರ ಶ್ರಮ ಸಣ್ಣದಲ್ಲ: 1993ರಲ್ಲಿ ಪ್ರತಿನಿಧಿ ಸಭೆಯಲ್ಲಿ ಹುಟ್ಟಿದ, ಭಾರತದ ಬಗ್ಗೆ ಒಲವುಳ್ಳ ಸದಸ್ಯರ ಕೂಟವಾದ ಇಂಡಿಯಾ ಕಾಕಸ್ ಬೆಳೆದದ್ದು ಅವರ ಒತ್ತಾಸೆಯಿಂದ, ಅತ್ತಿತ್ತ ನೋಡುತ್ತಿದ್ದ ಅನೇಕ ಸದಸ್ಯರನ್ನು ಒಲಿಸಿದವರೂ ಅವರೇ. ಆದರೆ 2005ರ ಜುಲೈನಲ್ಲಿ ಮನಮೋಹನ್ ಸಿಂಗ್ ಜೊತೆ ಜಂಟಿ ಹೇಳಿಕೆ ಹೊರಡಿಸಿದ ದಿನದಿಂದಲೇ ಬುಷ್ ಆಡಳಿತ ಈ ಒಪ್ಪಂದಕ್ಕಾಗಿ ಪಟ್ಟು ಹಿಡಿದಿತ್ತು, ದೊಡ್ಡ ಕಂಪನಿಗಳೂ ಜೊತೆಗಿದ್ದವು. ಎಲ್ಲರೂ ಒಂದೇ ಕಡೆಗೆ ಎಳೆಯುತ್ತಿದ್ದಾಗ ಯಾರ ಬಲ ಎಷ್ಟು ಎಂದು ಹೇಳುವುದು ಕಷ್ಟ.

ನಿಜವಾದ ಪರೀಕ್ಷೆ ಇರುವುದು ಸಂಘಟನೆ ಒಂದು ಕಡೆ, ಅಧ್ಯಕ್ಷರು ಇನ್ನೊಂದು ಕಡೆ ನಿಂತಾಗ. ಅಂಥ ಪ್ರಸಂಗಗಳಲ್ಲಿ ಅತ್ಯಂತ ಬಲಶಾಲಿ ಎನಿಸಿದ ಇಸ್ರೇಲ್ ಪರ ಸಂಘಟನೆ ಎಐಪಿಎಸಿ ಕೂಡ ಸೋತಿದೆ. 1981ರಲ್ಲಿ ಸೌದಿ ಅರೇಬಿಯಾಕ್ಕೆ ಅವಾಕ್ಸ್ ಎಂಬ ಕಣ್ಗಾವಲು ವಿಮಾನಗಳೂ ಸೇರಿದ ಸುಮಾರು 850 ಕೋಟಿ ಡಾಲರ್‌ಗಳ ಮಾರಾಟವನ್ನು ಅದು ಶಕ್ತಿಮೀರಿ ವಿರೋಧಿಸಿತು. ಪ್ರತಿನಿಧಿ ಸಭೆ 301–111ರಿಂದ ಮಾರಾಟವನ್ನು ತಿರಸ್ಕರಿಸಿತು. ಸೆನೆಟ್‌ನಲ್ಲಿ ರೇಗನ್ ಒಬ್ಬೊಬ್ಬರನ್ನೇ ಕರೆಸಿ ಮಾತನಾಡಿದರು, 52–48ರಿಂದ ಮಾರಾಟ ಉಳಿಯಿತು. 2015ರಲ್ಲಿ ಇರಾನ್ ಅಣು ಒಪ್ಪಂದದ ವಿಷಯದಲ್ಲೂ ಹಾಗೇ ಆಯಿತು. ಡೆಮಾಕ್ರಟಿಕ್ ಪಾಳಯದ 42 ಸೆನೆಟರುಗಳು ಅಡ್ಡ ನಿಂತದ್ದರಿಂದ ಒಪ್ಪಂದದ ವಿರುದ್ಧದ ನಿರ್ಣಯ ಮತಕ್ಕೇ ಬರಲಿಲ್ಲ.

ಈ ಎರಡು ಸೋಲುಗಳ ನಡುವೆ ಆಟದ ನಿಯಮವೇ ಬದಲಾಗಿತ್ತು ಎಂಬುದನ್ನು ಬಹಳ ಮಂದಿ ಗಮನಿಸುವುದಿಲ್ಲ. 1981ರಲ್ಲಿ ಶಸ್ತ್ರ ಮಾರಾಟವನ್ನು ತಡೆಯಲು ಎರಡೂ ಸದನಗಳ ಸರಳ ಬಹುಮತ ಸಾಕಿತ್ತು. 1983ರಲ್ಲಿ ಚಡ್ಡಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇಂಥ ‘ಶಾಸಕಾಂಗದ ವೀಟೊ’ ಸಂವಿಧಾನಬಾಹಿರ ಎಂದಿತು. ಅಂದಿನಿಂದ ತಡೆಯ ನಿರ್ಣಯ ಅಧ್ಯಕ್ಷರ ಸಹಿಗೆ ಹೋಗಬೇಕು, ಅವರು ವೀಟೊ ಮಾಡಿದರೆ ಎರಡೂ ಸದನಗಳಲ್ಲಿ ಮೂರನೇ ಎರಡರಷ್ಟು ಮತ ಬೇಕು. ಹೀಗಾಗಿ ಲಾಬಿ ಮಾಡುವವರ ಗಮನ ಸದನದ ಮತದಾನದಿಂದ ಸಮಿತಿಯ ಕೋಣೆಗೆ ಸರಿಯಿತು. ದೊಡ್ಡ ಶಸ್ತ್ರ ಮಾರಾಟವನ್ನು ಅಧಿಕೃತವಾಗಿ ತಿಳಿಸುವ ಮೊದಲು ಎರಡೂ ಸದನಗಳ ವಿದೇಶಾಂಗ ಸಮಿತಿಗಳ ಅಧ್ಯಕ್ಷರಿಗೂ ವಿರೋಧಪಕ್ಷದ ಹಿರಿಯ ಸದಸ್ಯರಿಗೂ ಅನೌಪಚಾರಿಕವಾಗಿ ತೋರಿಸುವ ಪದ್ಧತಿ ಇದೆ. ಈ ನಾಲ್ವರಲ್ಲಿ ಒಬ್ಬರು ‘ಸದ್ಯಕ್ಕೆ ಬೇಡ’ ಎಂದರೂ ಕಡತ ತಿಂಗಳುಗಟ್ಟಲೆ ನಿಲ್ಲಬಹುದು. 535 ಸದಸ್ಯರನ್ನು ಒಲಿಸುವುದಕ್ಕಿಂತ ನಾಲ್ವರಲ್ಲಿ ಒಬ್ಬರನ್ನು ಒಲಿಸುವುದು ಸುಲಭ ಎಂದು ಸಂಘಟನೆಗಳಿಗೆ ಗೊತ್ತು.

ಹಣದ ವಿಷಯಕ್ಕೂ ಇದೇ ಸೂಕ್ಷ್ಮತೆ ಬೇಕು. ಅಮೆರಿಕದಲ್ಲಿ ವಿದೇಶಿಯರು ಯಾವುದೇ ಚುನಾವಣೆಗೆ ಹಣ ಕೊಡುವಂತಿಲ್ಲ. ನಾಗರಿಕರೂ ಗ್ರೀನ್ ಕಾರ್ಡ್ ಇರುವವರೂ ಕೊಡಬಹುದು. ಸಾಮಾನ್ಯವಾಗಿ ಒಂದು ಪಿಎಸಿ (ಚುನಾವಣೆಗೆ ಹಣ ಕೂಡಿಸಿ ಕೊಡುವ ರಾಜಕೀಯ ಸಮಿತಿ) ಒಬ್ಬ ಅಭ್ಯರ್ಥಿಗೆ ಒಂದು ಚುನಾವಣೆಗೆ 5,000 ಡಾಲರ್‌ಗಿಂತ ಹೆಚ್ಚು ಕೊಡುವಂತಿಲ್ಲ. ಸೂಪರ್ ಪಿಎಸಿಗೆ ಮಿತಿಯಿಲ್ಲ, ಆದರೆ ಅಭ್ಯರ್ಥಿಯ ಜೊತೆ ಸಮಾಲೋಚಿಸದೆ ಬೇರೆಯಾಗಿಯೇ ಖರ್ಚು ಮಾಡಬೇಕು. ಹೆಸರಿನಲ್ಲೇ ಪಿಎಸಿ ಇದ್ದರೂ ಎಐಪಿಎಸಿಗೆ ದಶಕಗಳ ಕಾಲ ಇಂಥ ಪಿಎಸಿ ಇರಲಿಲ್ಲ. ತನ್ನದೇ ಪಿಎಸಿ ಮತ್ತು ಸೂಪರ್ ಪಿಎಸಿ ಕಟ್ಟಿಕೊಂಡು ನೇರವಾಗಿ ಚುನಾವಣಾ ಖರ್ಚಿಗೆ ಇಳಿದದ್ದು 2022ರ ಚುನಾವಣೆಯ ಹೊತ್ತಿಗೆ. ಹಾಗಿದ್ದರೆ ಅಲ್ಲಿಯವರೆಗೆ ಅದರ ಬಲ ಎಲ್ಲಿತ್ತು? ಪ್ರತಿ ಕ್ಷೇತ್ರದಲ್ಲೂ ತಮ್ಮ ಸದಸ್ಯನನ್ನು ಹೆಸರು ಹಿಡಿದು ಬಲ್ಲ, ಅವನ ಕಚೇರಿಗೆ ಮಸೂದೆಯ ಕರಡನ್ನೇ ಸಿದ್ಧಪಡಿಸಿ ಕೊಡಬಲ್ಲ, ಮತದಾನದ ಮರುದಿನ ಧನ್ಯವಾದವನ್ನೋ ಅಸಮಾಧಾನವನ್ನೋ ಫೋನಿನಲ್ಲಿ ತಿಳಿಸುವ ಜನರಲ್ಲಿ. ಹತ್ತಾರು ವಿಷಯಗಳ ನಡುವೆ ಒದ್ದಾಡುವ ಸದಸ್ಯನಿಗೆ ವಿದೇಶಾಂಗ ವಿಷಯದಲ್ಲಿ ಎರಡು ಪುಟದ ನಂಬಲರ್ಹ ಟಿಪ್ಪಣಿ ಸಿಕ್ಕರೆ ಅದು ಹಣಕ್ಕಿಂತ ಬೆಲೆಯುಳ್ಳದ್ದು.

ಇಷ್ಟೆಲ್ಲ ಮಾಡಿ ಈ ಸಂಘಟನೆಗಳು ಪಡೆಯುವುದೇನು? ಬಹುಪಾಲು ಸಂದರ್ಭದಲ್ಲಿ ಮೂರರಲ್ಲಿ ಒಂದು: ಸಂಸತ್ತಿನ ನಿರ್ಣಯ, ಅನುದಾನಕ್ಕೆ ಅಂಟಿಸಿದ ಷರತ್ತು, ಅಥವಾ ನಿರ್ಬಂಧದ ಕಾನೂನು. ನಿರ್ಣಯದಿಂದ ಯಾರಿಗೂ ದೊಡ್ಡ ಕೆಡುಕಾಗದು, ನೊಂದ ಸಮುದಾಯಕ್ಕೆ ಸಮಾಧಾನ ಸಿಗುತ್ತದೆ. ಷರತ್ತನ್ನು ಮರುವರ್ಷ ಬದಲಿಸಬಹುದು. ಅಪಾಯ ಇರುವುದು ಮೂರನೆಯದರಲ್ಲಿ, ಅದರಲ್ಲೂ ಹೊರಬರುವ ದಾರಿ ಬರೆಯದ ಕಾನೂನಿನಲ್ಲಿ. ನಾನು ಮುಖ್ಯವಾಗಿ ಹೇಳಬೇಕೆಂದಿರುವುದು ಇದನ್ನೇ. ಸಮುದಾಯವೊಂದು ಒತ್ತಡ ಹೇರಿತು ಎಂಬುದು ಆಕ್ಷೇಪದ ವಿಷಯವಲ್ಲ. ಆ ಒತ್ತಡದಿಂದ ಹುಟ್ಟಿದ ಕಾನೂನು ಯಾವಾಗ, ಹೇಗೆ ಮುಗಿಯುತ್ತದೆ ಎಂದು ಅದರಲ್ಲೇ ಬರೆದಿದೆಯೇ ಎಂಬುದು ವಿಷಯ.

ಕ್ಯೂಬಾದ ಉದಾಹರಣೆ ಎಲ್ಲಕ್ಕಿಂತ ಕಠಿಣವಾದದ್ದು. 1981ರಲ್ಲಿ ಹೋರ್ಹೆ ಮಾಸ್ ಕನೋಸಾ ಮುಂದಾಳತ್ವದಲ್ಲಿ ಹುಟ್ಟಿದ ಕ್ಯೂಬನ್ ಅಮೆರಿಕನ್ ರಾಷ್ಟ್ರೀಯ ಪ್ರತಿಷ್ಠಾನ, ಕ್ಯಾಸ್ಟ್ರೊ ವಿರೋಧಿ ರೇಡಿಯೊ ಕೇಂದ್ರವನ್ನೂ 1992ರ ನಿರ್ಬಂಧ ಕಾಯ್ದೆಯನ್ನೂ ಸಾಧಿಸಿಕೊಂಡಿತು. ಮುಂದಿನ ಹೆಜ್ಜೆಯಾದ ಹೆಲ್ಮ್ಸ್–ಬರ್ಟನ್ ಮಸೂದೆಗೆ ಕ್ಲಿಂಟನ್ ಆಡಳಿತ ಒಪ್ಪಿರಲಿಲ್ಲ. 1996ರ ಫೆಬ್ರುವರಿ 24ರಂದು ಕ್ಯೂಬಾದ ವಾಯುಪಡೆ ದೇಶಭ್ರಷ್ಟರ ಸಂಘಟನೆಯೊಂದರ ಎರಡು ಪುಟ್ಟ ವಿಮಾನಗಳನ್ನು ಹೊಡೆದುರುಳಿಸಿ ನಾಲ್ವರನ್ನು ಕೊಂದಿತು. ಚುನಾವಣೆಯ ವರ್ಷ. ಮಾರ್ಚ್ 12ಕ್ಕೆ ಕ್ಲಿಂಟನ್ ಸಹಿ ಹಾಕಿದರು. 1962ರಿಂದ ಅಧ್ಯಕ್ಷರ ಆದೇಶದ ಮೇಲೆ ನಡೆದುಬಂದಿದ್ದ ವ್ಯಾಪಾರ ನಿಷೇಧವನ್ನು ಈ ಕಾನೂನು ಶಾಸನದ ಒಳಗೆ ಸೇರಿಸಿಬಿಟ್ಟಿತು. ಆಮೇಲೆ ಯಾವ ಅಧ್ಯಕ್ಷರೂ ಒಬ್ಬರೇ ಅದನ್ನು ತೆಗೆಯುವಂತಿಲ್ಲ. ಇನ್ನೂ ವಿಚಿತ್ರವೆಂದರೆ, ನಿಷೇಧ ಅಮಾನತಾಗಬೇಕಿದ್ದರೆ ಕ್ಯೂಬಾದಲ್ಲಿ ಬರಬೇಕಾದ ಮಧ್ಯಂತರ ಸರ್ಕಾರದಲ್ಲಿ ಫಿಡೆಲ್ ಕ್ಯಾಸ್ಟ್ರೊ ಅಥವಾ ರೌಲ್ ಕ್ಯಾಸ್ಟ್ರೊ ಇರಕೂಡದು ಎಂದು ಹೆಸರು ಹಿಡಿದೇ ಬರೆದಿದೆ. ಫಿಡೆಲ್ 2016ರಲ್ಲಿ ತೀರಿಕೊಂಡರು, ರೌಲ್ 2021ರಲ್ಲಿ ಪಕ್ಷದ ಹುದ್ದೆಯನ್ನೂ ಬಿಟ್ಟರು. ಕಾನೂನು ಹಾಗೇ ಇದೆ. 2014ರ ಡಿಸೆಂಬರಿನಲ್ಲಿ ಒಬಾಮಾ ಸಂಬಂಧ ಸುಧಾರಣೆ ಘೋಷಿಸಿ ಮರುವರ್ಷ ರಾಯಭಾರ ಕಚೇರಿ ತೆರೆದರೂ ವ್ಯಾಪಾರ ನಿಷೇಧವನ್ನು ಎತ್ತಲಾಗಲಿಲ್ಲ.

ಅದೇ ಕಾನೂನಿನ ಒಂದು ಭಾಗಕ್ಕೆ ಮಾತ್ರ ಬಾಗಿಲಿತ್ತು. ಕ್ರಾಂತಿಯ ನಂತರ ವಶಪಡಿಸಿಕೊಂಡ ಆಸ್ತಿಯನ್ನು ಬಳಸುವ ಕಂಪನಿಗಳ ಮೇಲೆ ಅಮೆರಿಕದ ನ್ಯಾಯಾಲಯದಲ್ಲಿ ದಾವೆ ಹೂಡುವ ಹಕ್ಕನ್ನು ಅಧ್ಯಕ್ಷರು ಆರಾರು ತಿಂಗಳಿಗೆ ಅಮಾನತಿನಲ್ಲಿಡಬಹುದಿತ್ತು. ಕ್ಲಿಂಟನ್, ಬುಷ್, ಒಬಾಮಾ ಎಲ್ಲರೂ ಅಮಾನತು ಮುಂದುವರಿಸಿದರು. ಯುರೋಪ್ ಮತ್ತು ಕೆನಡಾದ ಜೊತೆಗಿನ ದೊಡ್ಡ ವ್ಯಾಪಾರ ಜಗಳ ಅಷ್ಟರಮಟ್ಟಿಗೆ ತಪ್ಪಿತು. 2019ರ ಮೇನಲ್ಲಿ ಟ್ರಂಪ್ ಅಮಾನತು ಬಿಟ್ಟಾಗ ದಾವೆಗಳು ಶುರುವಾದವು. ಬಾಗಿಲು ತೆರೆಯುವುದೋ ಮುಚ್ಚುವುದೋ ಆ ಕಾಲದ ಸರ್ಕಾರದ ತೀರ್ಮಾನ. ಬಾಗಿಲು ಇರಬೇಕಾದದ್ದು ಮುಖ್ಯ. ಇಲ್ಲಿ ಇನ್ನೊಂದು ಮಾತು: ಕ್ಯೂಬನ್ನರ ಈ ಸಂಘಟನೆಯೂ ಎದುರಾಳಿ ಸಿಕ್ಕಾಗ ಹಿಂದೆ ಸರಿಯಬೇಕಾಯಿತು. ಅಮೆರಿಕದ ರೈತ ಸಂಘಟನೆಗಳು ಒತ್ತಾಯಿಸಿದಾಗ 2000ರಲ್ಲಿ ಕ್ಯೂಬಾಕ್ಕೆ ಆಹಾರಧಾನ್ಯ ಮಾರಲು ಅನುಮತಿ ಸಿಕ್ಕಿತು, ಅಮೆರಿಕದ ಸಾಲವಿಲ್ಲದೆ, ಮುಂಗಡ ನಗದಿಗೆ ಅಥವಾ ಬೇರೆ ದೇಶದ ಬ್ಯಾಂಕಿನ ಮೂಲಕ ಮಾತ್ರ ಎಂಬ ಷರತ್ತಿನೊಂದಿಗೆ. ಅದೇ ವರ್ಷ ಅಧ್ಯಕ್ಷ ಚುನಾವಣೆ ಫ್ಲಾರಿಡಾದ 537 ಮತಗಳಲ್ಲಿ ತೀರ್ಮಾನವಾಯಿತು. ಕ್ಯೂಬನ್ನರ ಮಾತಿಗೆ ಎರಡೂ ಪಕ್ಷಗಳು ಇಷ್ಟೊಂದು ಕಿವಿಗೊಡುವುದೇಕೆ ಎಂಬುದಕ್ಕೆ ಈ ಅಂಕಿಯೇ ಉತ್ತರ.

ಇದರ ಪಕ್ಕದಲ್ಲಿ ವರ್ಣಭೇದ ನೀತಿಗಾಗಿ ದಕ್ಷಿಣ ಆಫ್ರಿಕಾದ ಮೇಲೆ ಹೇರಿದ 1986ರ ನಿರ್ಬಂಧ ಕಾನೂನನ್ನು ಇಟ್ಟು ನೋಡಬೇಕು. 1977ರಲ್ಲಿ ಸ್ಥಾಪನೆಯಾದ ಟ್ರಾನ್ಸ್‌ಆಫ್ರಿಕಾ ಎಂಬ ಕಪ್ಪು ಅಮೆರಿಕನ್ನರ ಸಂಘಟನೆ 1984ರ ನವೆಂಬರಿನಲ್ಲಿ ವಾಷಿಂಗ್ಟನ್ನಿನ ದಕ್ಷಿಣ ಆಫ್ರಿಕಾ ರಾಯಭಾರ ಕಚೇರಿಯಲ್ಲಿ ಧರಣಿ ಕೂತಿತು. ಆ ಚಳವಳಿಯ ಬೆನ್ನಲ್ಲೇ ಬಂದ ನಿರ್ಬಂಧ ಕಾನೂನನ್ನು ರೇಗನ್ ವೀಟೊ ಮಾಡಿದರು. ಪ್ರತಿನಿಧಿ ಸಭೆ 313–83, ಸೆನೆಟ್ 78–21 ಮತಗಳಿಂದ ವೀಟೊವನ್ನೇ ತಳ್ಳಿಹಾಕಿದವು. ಅಧ್ಯಕ್ಷರ ಇಚ್ಛೆಗೆ ನೇರ ವಿರುದ್ಧವಾಗಿ ದಕ್ಕಿದ ಇಂಥ ಗೆಲುವು ಅಪರೂಪ. ಆ ಕಾನೂನಿನಲ್ಲಿ ನಿರ್ಬಂಧ ಯಾವಾಗ ತೆಗೆಯಬಹುದು ಎಂಬುದನ್ನೂ ಬರೆದಿದ್ದರು: ಮಂಡೇಲಾ ಮತ್ತು ರಾಜಕೀಯ ಕೈದಿಗಳ ಬಿಡುಗಡೆ, ತುರ್ತು ಪರಿಸ್ಥಿತಿಯ ಅಂತ್ಯ, ಪಕ್ಷಗಳ ಮೇಲಿನ ನಿಷೇಧ ರದ್ದು, ವಾಸಸ್ಥಳ ಮತ್ತು ಜನಾಂಗ ನೋಂದಣಿಯ ಕಾಯ್ದೆಗಳ ರದ್ದು, ಪ್ರಾಮಾಣಿಕ ಮಾತುಕತೆ. ಈ ಷರತ್ತುಗಳು ಈಡೇರಿವೆ ಎಂದು 1991ರ ಜುಲೈ 10ರಂದು ಹಿರಿಯ ಬುಷ್ ನಿರ್ಬಂಧ ಎತ್ತಿದರು. ಎತ್ತಿದ್ದು ಅವಸರವಾಯಿತು ಎಂದು ಆಗ ಹಲವರು ದೂರಿದರು. ಆದರೂ ಎದುರಿನ ಸರ್ಕಾರಕ್ಕೆ ಏನು ಮಾಡಿದರೆ ಏನು ಸಿಗುತ್ತದೆ ಎಂಬುದು ಮೊದಲ ದಿನದಿಂದ ಸ್ಪಷ್ಟವಿತ್ತು. ನಿರ್ಬಂಧ ಫಲ ಕೊಡಬೇಕಿದ್ದರೆ ಇದು ಬೇಕೇ ಬೇಕು.

ಉಳಿದ ಪ್ರಕರಣಗಳು ಈ ಎರಡರ ನಡುವೆ ಬರುತ್ತವೆ. 1974ರ ಜುಲೈನಲ್ಲಿ ಟರ್ಕಿಯ ಸೇನೆ ಗ್ರೀಕರೇ ಹೆಚ್ಚಿರುವ ಸೈಪ್ರಸ್ ದ್ವೀಪಕ್ಕೆ ಇಳಿದಾಗ ಗ್ರೀಕ್ ಅಮೆರಿಕನ್ನರು ಹೊಸದೇನನ್ನೂ ಕೇಳಲಿಲ್ಲ. ಅಮೆರಿಕ ಕೊಟ್ಟ ಶಸ್ತ್ರಗಳನ್ನು ಆತ್ಮರಕ್ಷಣೆಗಲ್ಲದೆ ಬಳಸಕೂಡದು ಎಂಬ ಕಾನೂನು ಮೊದಲೇ ಇದೆ, ಅದನ್ನು ಪಾಲಿಸಿ ಎಂದರು. ವಾದ ಗಟ್ಟಿಯಾಗಿತ್ತು, ವಿದೇಶಾಂಗ ಸಚಿವ ಕಿಸಿಂಜರ್ ವಿರೋಧಿಸಿದರೂ 1975ರ ಫೆಬ್ರುವರಿಯಲ್ಲಿ ಟರ್ಕಿಗೆ ಶಸ್ತ್ರ ನಿಂತಿತು. ಜುಲೈನಲ್ಲಿ ಟರ್ಕಿ ತನ್ನ ನೆಲದ ಅಮೆರಿಕನ್ ಕೇಂದ್ರಗಳ ಚಟುವಟಿಕೆ ನಿಲ್ಲಿಸಿತು. ಸೋವಿಯತ್ ಒಕ್ಕೂಟದ ಮೇಲೆ ಕಣ್ಣಿಡುವ ಕೇಂದ್ರಗಳವು. ಅಕ್ಟೋಬರಿಗೆ ನಿಷೇಧ ಸಡಿಲವಾಯಿತು, 1978ರಲ್ಲಿ ಪೂರ್ತಿ ಹೋಯಿತು. ಟರ್ಕಿಯ ಸೇನೆ ಸೈಪ್ರಸ್‌ನಿಂದ ಹೋಗಲಿಲ್ಲ. ಟರ್ಕಿಗೆ 10 ಡಾಲರ್ ಸೇನಾ ನೆರವು ಕೊಟ್ಟರೆ ಗ್ರೀಸಿಗೆ 7 ಎಂಬ ಅನುಪಾತ ಮಾತ್ರ ಬಹುಕಾಲ ಉಳಿಯಿತು.

ಸೋವಿಯತ್ ಯಹೂದಿಗಳ ವಲಸೆಗಾಗಿ ಬಂದ ಜಾಕ್ಸನ್–ವಾನಿಕ್ ತಿದ್ದುಪಡಿ 1975ರ ಜನವರಿಯಲ್ಲಿ ಕಾನೂನಾಯಿತು. ವಲಸೆಗೆ ಅಡ್ಡಿ ಮಾಡುವ ದೇಶಕ್ಕೆ ಸಾಮಾನ್ಯ ವ್ಯಾಪಾರ ದರ್ಜೆ ಇಲ್ಲ ಎಂಬುದು ಅದರ ತಿರುಳು. ಮಾಸ್ಕೊ ಸಿಟ್ಟಿನಿಂದ ವ್ಯಾಪಾರ ಒಪ್ಪಂದವನ್ನೇ ಕೈಬಿಟ್ಟಿತು. 1973ರಲ್ಲಿ ಸುಮಾರು 35 ಸಾವಿರವಿದ್ದ ವಲಸೆ 1975ರಲ್ಲಿ ಸುಮಾರು 13 ಸಾವಿರಕ್ಕೆ ಇಳಿಯಿತು. ಮುಂದೆ ಮತ್ತೆ ಏರಿತು, ಸೋವಿಯತ್ ಒಕ್ಕೂಟವೇ ಇಲ್ಲವಾಯಿತು, ಯಾರು ಬೇಕಾದರೂ ಹೊರಡಬಹುದಾಯಿತು. ರಷ್ಯಾದ ಮಟ್ಟಿಗೆ ಈ ಕಾನೂನು ರದ್ದಾದದ್ದು 2012ರ ಡಿಸೆಂಬರಿನಲ್ಲಿ! ವಿನಾಯಿತಿಯ ಅವಕಾಶವಿದ್ದರಿಂದ ವ್ಯಾಪಾರ ನಡೆಯುತ್ತಿತ್ತು ಎಂಬುದು ನಿಜ. ಆದರೆ ಉದ್ದೇಶ ಈಡೇರಿ 20 ವರ್ಷವಾದ ಮೇಲೂ ಕಾನೂನನ್ನು ತೆಗೆಯುವುದರಿಂದ ಯಾವ ಸದಸ್ಯನಿಗೂ ಲಾಭವಿರಲಿಲ್ಲ. ಸೇರಿಸುವಾಗ ಕೈಯೆತ್ತಲು ನೂರು ಜನ, ತೆಗೆಯುವಾಗ ಯಾರೂ ಇಲ್ಲ.

ಅರ್ಮೇನಿಯನ್ನರ ಕಥೆ ಮನಸ್ಸಿಗೆ ಹೆಚ್ಚು ನೋವು ಕೊಡುವಂಥದ್ದು. 1992ರಲ್ಲಿ ಅರ್ಮೇನಿಯದ ಎದುರಾಳಿ ನೆರೆದೇಶ ಅಜರ್‌ಬೈಜಾನಿನ ಸರ್ಕಾರಕ್ಕೆ ನೆರವು ನಿಲ್ಲಿಸುವ ಸೆಕ್ಷನ್ 907 ಅವರ ಗೆಲುವು. 2001ರ ಸೆಪ್ಟೆಂಬರ್ ದಾಳಿಯ ನಂತರ ಅಫ್ಘಾನಿಸ್ತಾನದ ದಾರಿಗೆ ಅಜರ್‌ಬೈಜಾನ್ ಬೇಕಾಯಿತು, ಅಧ್ಯಕ್ಷರಿಗೆ ವಿನಾಯಿತಿ ಅಧಿಕಾರ ಬಂತು. ಆಟೊಮನ್ ಟರ್ಕಿಯಲ್ಲಿ ನಡೆದ 1915ರ ಅರ್ಮೇನಿಯನ್ನರ ನರಮೇಧವನ್ನು ಅಧಿಕೃತವಾಗಿ ಗುರುತಿಸಬೇಕೆಂಬ ನಿರ್ಣಯ 2007ರಲ್ಲಿ ಸಮಿತಿಯಲ್ಲಿ 27–21ರಿಂದ ಗೆದ್ದರೂ ಟರ್ಕಿಯ ಎಚ್ಚರಿಕೆಗೆ ಅಲ್ಲೇ ನಿಂತಿತು. 2019ರಲ್ಲಿ ಅಮೆರಿಕ–ಟರ್ಕಿ ಸಂಬಂಧ ಹಳಸಿದಾಗ ಪ್ರತಿನಿಧಿ ಸಭೆಯಲ್ಲಿ 405–11ರಿಂದ, ಸೆನೆಟ್‌ನಲ್ಲಿ ಸರ್ವಾನುಮತದಿಂದ ಅಂಗೀಕಾರವಾಯಿತು. ಹನ್ನೆರಡು ವರ್ಷದಲ್ಲಿ ಸಂಘಟನೆಯ ಬಲ ಅಷ್ಟೇನೂ ಬದಲಾಗಿರಲಿಲ್ಲ, ಎದುರಿನ ತಡೆ ಹೋಗಿತ್ತು. ಆ ನ್ಯಾಯವಾದ ಗುರುತಿಸುವಿಕೆ ಸಿಕ್ಕ ಮರುವರ್ಷವೇ ಅಜರ್‌ಬೈಜಾನ್ ಜೊತೆ ಯುದ್ಧ ಬಂತು. 2023ರ ಸೆಪ್ಟೆಂಬರಿನಲ್ಲಿ ಒಂದು ಲಕ್ಷಕ್ಕೂ ಹೆಚ್ಚು ಅರ್ಮೇನಿಯನ್ನರು ಎರಡೂ ದೇಶಗಳ ನಡುವಿನ ವಿವಾದದ ನೆಲವಾದ ನಗೊರ್ನೊ–ಕರಬಾಖ್ ಬಿಟ್ಟು ಹೊರಟರು. ನಿರ್ಣಯವನ್ನು ಗಳಿಸಿಕೊಟ್ಟ ಸಂಘಟನಾ ಶಕ್ತಿಗೆ ಅಜರ್‌ಬೈಜಾನಿನ ಒಂದು ಸೇನಾ ಕಾರ್ಯಾಚರಣೆಯನ್ನು ತಡೆಯಲಾಗಲಿಲ್ಲ.

ದೂರ ನೆಲೆಸಿದವರಿಗೂ ಮೂಲನಾಡಿನವರಿಗೂ ಯಾವಾಗಲೂ ಒಂದೇ ಬೇಕು ಎಂಬುದೂ ಸುಳ್ಳು. 2009ರ ಅಕ್ಟೋಬರಿನಲ್ಲಿ ಜ್ಯೂರಿಕ್‌ನಲ್ಲಿ ಅರ್ಮೇನಿಯ ಮತ್ತು ಟರ್ಕಿ ಗಡಿ ತೆರೆಯುವ ಒಪ್ಪಂದಕ್ಕೆ ಸಹಿ ಹಾಕುವ ಮುನ್ನ, ಅರ್ಮೇನಿಯದ ಅಧ್ಯಕ್ಷರು ವಲಸಿಗರ ನಗರಗಳಿಗೆ ಹೋದಾಗ ಅವರಿಗೆ ಸಿಕ್ಕದ್ದು ಪ್ರತಿಭಟನೆ. ಗಡಿ ಮುಚ್ಚಿದ್ದರ ಕಷ್ಟ ಪ್ಯಾರಿಸ್ಸಿನಲ್ಲೋ ಲಾಸ್ ಏಂಜಲೀಸ್‌ನಲ್ಲೋ ಇರುವವರಿಗೆ ತಟ್ಟುವುದಿಲ್ಲ. ಐರಿಷ್ ಅಮೆರಿಕನ್ನರು ಮಾತ್ರ ತಮ್ಮ ಪ್ರಭಾವವನ್ನು ಕ್ರಮೇಣ ಹಿಂಸೆಯ ಹಾದಿಯಿಂದ ಮಾತುಕತೆಯ ಕಡೆಗೆ ತಿರುಗಿಸಿದರು. 1977ರಲ್ಲಿ ಈ ಸಮುದಾಯದ ಹಿರಿಯ ರಾಜಕಾರಣಿಗಳಾದ ಟೆಡ್ ಕೆನಡಿ, ಟಿಪ್ ಓನೀಲ್, ಮೊಯ್ನಿಹಾನ್, ಹ್ಯೂ ಕ್ಯಾರಿ ನಾಲ್ವರೂ ಹಿಂಸೆಗೆ ಹಣ ಕೊಡಬೇಡಿ ಎಂದು ತಮ್ಮದೇ ಜನರಿಗೆ ಬಹಿರಂಗವಾಗಿ ಹೇಳಿದರು. 1994ರ ಜನವರಿಯಲ್ಲಿ ಐಆರ್‌ಎಯ ರಾಜಕೀಯ ಅಂಗವೆನಿಸಿದ ಶಿನ್ ಫೇನ್ ಪಕ್ಷದ ನಾಯಕ ಗೆರಿ ಆಡಮ್ಸ್‌ಗೆ 48 ಗಂಟೆಗಳ ವೀಸಾ ಸಿಕ್ಕಿದ್ದು ಬ್ರಿಟನ್ ಮತ್ತು ಅಮೆರಿಕದ ವಿದೇಶಾಂಗ ಇಲಾಖೆಯ ವಿರೋಧದ ನಡುವೆ, ಈ ಸಮುದಾಯದ ನಾಯಕರ ಒತ್ತಾಯದಿಂದ. ಆಗಸ್ಟ್‌ನಲ್ಲಿ, ಉತ್ತರ ಐರ್ಲೆಂಡಿನಲ್ಲಿ ಬ್ರಿಟನ್ ವಿರುದ್ಧ ಶಸ್ತ್ರ ಹಿಡಿದಿದ್ದ ಐಆರ್‌ಎ ಕದನ ವಿರಾಮ ಘೋಷಿಸಿತು.

ಸಂಸದೀಯ ಪದ್ಧತಿಯಲ್ಲಿ ದಾರಿ ಬೇರೆ. ಕೆನಡಾದಲ್ಲಿ ಸಮಿತಿಗಳಿಗೆ ಅಮೆರಿಕದಷ್ಟು ಬಲವಿಲ್ಲ. ಅಲ್ಲಿ ಒತ್ತಡದ ಜಾಗ ಪಕ್ಷದ ಒಳಗಿನ ಅಭ್ಯರ್ಥಿ ಆಯ್ಕೆ. ಕ್ಷೇತ್ರದ ಪಕ್ಷ ಸದಸ್ಯರು ಸೇರಿ ಅಭ್ಯರ್ಥಿಯನ್ನು ಆರಿಸುವಾಗ ಮತ ಹಾಕುವವರು ಕೆಲವೇ ಸಾವಿರ, ಕೆಲವೊಮ್ಮೆ ಕೆಲವೇ ನೂರು. ಸಂಘಟಿತ ಸಮುದಾಯ ಕೊನೆಯ ದಿನದೊಳಗೆ ಸದಸ್ಯರನ್ನು ನೋಂದಾಯಿಸಿದರೆ ಟಿಕೆಟ್ ಅವರದು. ಆದರೂ ಇದೊಂದರಿಂದ ನೀತಿ ನಿರ್ಧಾರವಾಗುವುದಿಲ್ಲ. ಟೊರಾಂಟೊದಲ್ಲಿ ದೊಡ್ಡ ತಮಿಳು ಸಮುದಾಯ ಇದ್ದಾಗಲೇ 2006ರಲ್ಲಿ ಹಾರ್ಪರ್ ಸರ್ಕಾರ ಎಲ್‌ಟಿಟಿಇಯನ್ನು ನಿಷೇಧಿಸಿತು, ಅದೇ ಹಾರ್ಪರ್ 2013ರ ಕೊಲಂಬೊ ಕಾಮನ್‌ವೆಲ್ತ್ ಸಭೆಯನ್ನು ಬಹಿಷ್ಕರಿಸಿದರು.

ಆ ಸಭೆಗೆ ಮನಮೋಹನ್ ಸಿಂಗ್ ಕೂಡ ಹೋಗಲಿಲ್ಲ. ಗಡಿಯಾಚೆಯ ರಕ್ತಸಂಬಂಧ ನೀತಿಯ ಮೇಲೆ ಕೆಲಸ ಮಾಡುವುದು ಪರದೇಶಗಳಲ್ಲಿ ಮಾತ್ರ ಅಲ್ಲ. 2013ರ ಮಾರ್ಚ್ 19ರಂದು 18 ಲೋಕಸಭಾ ಸದಸ್ಯರಿದ್ದ ಡಿಎಂಕೆ ಯುಪಿಎಯಿಂದ ಹೊರಬಂತು. ಎರಡು ದಿನದಲ್ಲಿ ಭಾರತ ವಿಶ್ವಸಂಸ್ಥೆಯ ಮಾನವ ಹಕ್ಕು ಮಂಡಳಿಯಲ್ಲಿ ಶ್ರೀಲಂಕಾ ವಿರುದ್ಧದ ನಿರ್ಣಯಕ್ಕೆ ಮತ ಹಾಕಿತು. ಆದರೆ ‘ನರಮೇಧ’ ಎಂಬ ಮಾತನ್ನು ಸೇರಿಸಬೇಕೆಂಬ ಡಿಎಂಕೆಯ ಬೇಡಿಕೆ ಈಡೇರಲಿಲ್ಲ, ಮರುವರ್ಷ ಭಾರತ ಮತದಾನದಿಂದಲೇ ದೂರ ಉಳಿಯಿತು. ಮಿತ್ರಪಕ್ಷದ ಒತ್ತಡಕ್ಕೆ ಒಂದು ಮತ ಸಿಕ್ಕಿತು, ನೀತಿ ಸಿಗಲಿಲ್ಲ.

ಇನ್ನು ನಿಷ್ಠೆಯ ಪ್ರಶ್ನೆ. ಅಮೆರಿಕದ ವಿದೇಶಿ ಏಜೆಂಟರ ನೋಂದಣಿ ಕಾಯ್ದೆ 1938ರಷ್ಟು ಹಳೆಯದು. ವಿದೇಶಿ ಸರ್ಕಾರದ ಅಥವಾ ಸಂಸ್ಥೆಯ ಆದೇಶ, ಕೋರಿಕೆ, ನಿಯಂತ್ರಣದಲ್ಲಿ ರಾಜಕೀಯ ಕೆಲಸ ಮಾಡುವವರು ನ್ಯಾಯ ಇಲಾಖೆಯಲ್ಲಿ ನೋಂದಾಯಿಸಿ ಹಣದ ಲೆಕ್ಕ ಕೊಡಬೇಕು. ಐರಿಷ್ ನೆರವು ಸಂಸ್ಥೆ ನೋರೇಡ್‌ಗೆ ಐಆರ್‌ಎಯ ಏಜೆಂಟ್ ಎಂದು ನೋಂದಾಯಿಸುವಂತೆ 1980ರ ದಶಕದ ಆರಂಭದಲ್ಲಿ ನ್ಯಾಯಾಲಯ ಆದೇಶಿಸಿತು. ಆಸ್ಟ್ರೇಲಿಯಾ 2018ರಲ್ಲಿ, ಕೆನಡಾ 2024ರಲ್ಲಿ ಇಂಥ ಕಾನೂನು ಮಾಡಿದವು. ಗೆರೆ ಸ್ಪಷ್ಟವಿದೆ: ಸ್ವಂತ ಹಣದಲ್ಲಿ ಸ್ವಂತ ಅಭಿಪ್ರಾಯ ಹೇಳುವ ನಾಗರಿಕ ಏಜೆಂಟ್ ಅಲ್ಲ, ಅವನ ಅಭಿಪ್ರಾಯ ಹೊರದೇಶದ ಅಭಿಪ್ರಾಯಕ್ಕೆ ನೂರಕ್ಕೆ ನೂರು ಹೊಂದಿದರೂ ಸರಿ. ಈ ಗೆರೆ ಅಳಿಸಿದಾಗ ಏನಾಗುತ್ತದೆ ಎಂಬುದಕ್ಕೆ 1942 ಇದೆ. ಸುಮಾರು 1.2 ಲಕ್ಷ ಜಪಾನೀ ಮೂಲದವರನ್ನು ಅಮೆರಿಕ ಶಿಬಿರಗಳಿಗೆ ತಳ್ಳಿತು, ಅವರಲ್ಲಿ ಮೂರನೇ ಎರಡರಷ್ಟು ಮಂದಿ ಅಮೆರಿಕದ ನಾಗರಿಕರು. 1988ರಲ್ಲಿ ಸರ್ಕಾರ ಕ್ಷಮೆ ಕೇಳಿ ಬದುಕಿದ್ದವರಿಗೆ ತಲಾ 20,000 ಡಾಲರ್ ಕೊಟ್ಟಿತು.

ಆದ್ದರಿಂದ ನಿಮ್ಮ ವಿದೇಶ ಪುಟದವರಲ್ಲಿ ನನ್ನ ಕೋರಿಕೆ ಇಷ್ಟು. ಸಮುದಾಯದ ಹೆಸರು ಬರೆಯುವ ಮೊದಲು ಮಸೂದೆಯ ಹೆಸರು ಬರೆಯಿರಿ. ಅದು ನಿರ್ಣಯವೋ, ಷರತ್ತೋ, ಕಾನೂನೋ ತಿಳಿಸಿ. ಆಡಳಿತ ಅದನ್ನು ಬೇಕೆಂದಿತ್ತೋ ಬೇಡವೆಂದಿತ್ತೋ, ಎದುರಿಗೆ ಬೇರೆ ಹಿತಾಸಕ್ತಿ ಇತ್ತೋ ಇಲ್ಲವೋ ಹೇಳಿ. ಸಂಘಟನೆಗೆ ಹಣ ಎಲ್ಲಿಂದ ಬರುತ್ತದೆ ಎಂಬುದನ್ನು ಅಮೆರಿಕದಂಥ ದೇಶಗಳಲ್ಲಿ ಸಾರ್ವಜನಿಕ ದಾಖಲೆಯಿಂದಲೇ ಬಹುಮಟ್ಟಿಗೆ ತೆಗೆಯಬಹುದು. ಅದು ನಿರ್ಬಂಧದ ಕಾನೂನಾಗಿದ್ದರೆ, ವಿನಾಯಿತಿ ಕೊಡುವ ಅಧಿಕಾರ ಯಾರಿಗಿದೆ, ಎಷ್ಟು ತಿಂಗಳಿಗೊಮ್ಮೆ, ಯಾವ ಷರತ್ತು ಈಡೇರಿದರೆ ಕಾನೂನು ತಾನಾಗಿ ಕೊನೆಗೊಳ್ಳುತ್ತದೆ ಎಂಬ ಕಲಮನ್ನು ಹುಡುಕಿ ಅಚ್ಚು ಹಾಕಿ. ಅಂಥ ಕಲಂ ಇಲ್ಲದಿದ್ದರೆ ಅದನ್ನೇ ತಲೆಬರಹ ಮಾಡಿ.

ಇತಿ,
ವಿದೇಶಾಂಗ ವ್ಯವಹಾರಗಳ ಓದುಗ